ಶೇಂಗಾ ಚೀಲದಲ್ಲಿ ಬಚ್ಚಿಟ್ಟದ್ದು

ನಗಿಸುವ ಸಿನಿಮಾ ಅಂದರೆ ನನಗೆ ಭಯ. ದೆವ್ವದ ಸಿನಿಮಾ ಹಾಕಿಕೊಡಿ, ಮಂಡಕ್ಕಿ ಮುಕ್ಕುತ್ತಾ ನೋಡುತ್ತೇನೆ. ಹೊಡೆದಾಟ, ರಕ್ತ, ಕೊಲೆ, ಯಾವುದಕ್ಕೂ ಜಗ್ಗುವವಳಲ್ಲ ನಾನು. ಆದರೆ ಒಂದು ತುಂಬಿದ ಮನೆ, ಅದರಲ್ಲೊಬ್ಬ ಸಿಡುಕ ಅಪ್ಪ, ಮೂಲೆಯಲ್ಲೊಬ್ಬ ತಾತ, ಕಿತ್ತಾಡುವ ಸೊಸೆಯಂದಿರು, ಕಡೆಗೆ ಎಲ್ಲರೂ ಎಲ್ಲರನ್ನೂ ಕ್ಷಮಿಸಿ ಒಂದೇ ಸಾಲಿನಲ್ಲಿ ಕೂತು ಉಣ್ಣುವ ಕಥೆ ಬಂತೋ, ನನ್ನ ಅಂಗೈ ಬೆವರುತ್ತದೆ. ನನ್ನಿವಾಳದ ಶಾಲೆಯಲ್ಲಿ ಮಕ್ಕಳಿಗೆ ವರ್ಷಗಟ್ಟಲೆ ಪಾಠ ಹೇಳಿದವಳು, ಐವತ್ತು ದಾಟಿದವಳು, ಆದರೂ ಅಂಥ ಸಿನಿಮಾ ಮುಗಿಯುವವರೆಗೆ ಬೆನ್ನು ಕುರ್ಚಿಗೆ ಒರಗುವುದಿಲ್ಲ. ಬಿಟ್ಟು ಎದ್ದು ಹೋಗಲೂ ಆಗುವುದಿಲ್ಲ, ಅದು ಬೇರೆ ಕರ್ಮ. ನನ್ನ ಗಂಡ ಬಂದವರ ಮುಂದೆಲ್ಲ ಆಡಿಕೊಳ್ಳುತ್ತಾರೆ.

"ನೋಡ್ರೀ, ಊರೆಲ್ಲ ಬಿದ್ದು ಬಿದ್ದು ನಗ್ತಾ ಐತೆ, ನಮ್ಮನೇಳು ಮಾತ್ರ ಎಸ್ಸೆಸ್ಸೆಲ್ಸಿ ರಿಸಲ್ಟ್ ಕಾಯೋಳಂಗೆ ಕುಂತವಳೆ."

ಕಾರಣ ಅವರಿಗೆ ಗೊತ್ತಿಲ್ಲ. ಯಾರಿಗೂ ಹೇಳಿರಲಿಲ್ಲ ನಾನು.

ನಾನು ಹುಟ್ಟಿ ಬೆಳೆದ ಮನೆ ಚಳ್ಳಕೆರೆಯ ಎಣ್ಣೆ ಮಿಲ್ಲುಗಳ ಹಿಂದಿನ ಬೀದಿಯಲ್ಲಿತ್ತು. ಬೆಳಗಾಗುವುದೇ ಶೇಂಗಾ ಹಿಂಡಿಯ ವಾಸನೆಯಿಂದ. ಬಟ್ಟೆ, ದಿಂಬು, ಶಾಲೆಯ ಹೊಸ ಪುಸ್ತಕ, ಎಲ್ಲಕ್ಕೂ ಅದೇ ವಾಸನೆ. ಬೇರೆ ಊರಿಗೆ ಹೋದಾಗ ಅಲ್ಲಿನವರು ಮೂಗು ಮುರಿದರೆ ಮಾತ್ರ ನಮಗದು ಗೊತ್ತಾಗುತ್ತಿತ್ತು. ಅಪ್ಪ, ಚಿಕ್ಕಪ್ಪ ಇಬ್ಬರೂ ಸೇರಿ ಶೇಂಗಾ ವ್ಯಾಪಾರ ಮಾಡುತ್ತಿದ್ದರು. ಮುಂದೆ ಪಡಸಾಲೆ, ಆಮೇಲೆ ನಡುಮನೆ, ಅದರ ಗೋಡೆಯಲ್ಲಿ ದೇವರ ಗೂಡು, ಎಡಕ್ಕೆ ಅಡುಗೆಮನೆ, ಹಿಂದೆ ಬಚ್ಚಲು. ಬಲಕ್ಕೆ ಶೇಂಗಾ ಚೀಲ ಪೇರಿಸುವ ಕತ್ತಲೆ ಕೋಣೆಯಿತ್ತು, ಅದಕ್ಕೆ ನಾವು ಕಾಯಿಕೋಣೆ ಅನ್ನುತ್ತಿದ್ದೆವು. ನಡುಮನೆಯಲ್ಲಿ ಅಜ್ಜಿ ಮಲಗುತ್ತಿದ್ದಳು, ಅವಳ ಮಗ್ಗುಲಲ್ಲಿ ನಾನು. ಅಪ್ಪನ ತಾಯಿ ಅವಳು, ಸಣ್ಣ ಜೀವ, ಮಾತು ಕಮ್ಮಿ. ಅವಳ ಕೊರಳಲ್ಲಿ ಯಾವಾಗಲೂ ಒಂದು ಬೆಳ್ಳಿ ಕರಡಿಗೆ, ಅದರೊಳಗೆ ಬಟ್ಟೆಯಲ್ಲಿ ಸುತ್ತಿದ ಇಷ್ಟಲಿಂಗ. ಕೂಸಾಗಿದ್ದಾಗ ಕಟ್ಟಿದ್ದು. ದಿನಾ ಬೆಳಗ್ಗೆ ಸ್ನಾನ ಮಾಡಿ, ಲಿಂಗವನ್ನು ಅಂಗೈ ಮೇಲಿಟ್ಟುಕೊಂಡು ಪೂಜೆ ಮಾಡುವ ತನಕ ಅವಳ ಗಂಟಲಲ್ಲಿ ಒಂದು ಹನಿ ನೀರು ಇಳಿಯುತ್ತಿರಲಿಲ್ಲ. ಮೈಯಿಂದ ಅದನ್ನು ಬೇರೆ ಮಾಡಬಾರದು ಅಂತ ಕಟ್ಟಳೆ. ಆದರೆ ನೆನೆದ ದಾರದಿಂದ ಕುತ್ತಿಗೆಗೆ ನವೆ ಬರುತ್ತದೆ ಅಂತ, ಬಚ್ಚಲಿಗೆ ಹೋಗಿ ಬರುವಷ್ಟು ಹೊತ್ತು ಮಾತ್ರ ದೇವರ ಗೂಡಿನಲ್ಲಿಟ್ಟು ನನ್ನನ್ನು ಎದುರಿಗೆ ಕೂರಿಸುತ್ತಿದ್ದಳು. "ಕಣ್ಣಿಟ್ಟಿರೇ ಗಿರಿಜಾ, ಹಲ್ಲಿ ಗಿಲ್ಲಿ ಬಂದಾತು" ಅನ್ನುವಳು. ಮನೆಯಲ್ಲಿ ಯಾರೂ ಯಾವ ಕೆಲಸಕ್ಕೂ ನಂಬದ ನನ್ನನ್ನು ಅಜ್ಜಿ ಇಂಥದ್ದಕ್ಕೆ ನಂಬಿದ್ದಳು.

ಆ ಮನೆಯಲ್ಲಿ ಕೈಯಿಂದ ಲೋಟ ಜಾರಿದರೆ ಅದು ನೆಲ ಮುಟ್ಟುವ ಮೊದಲೇ ನನ್ನ ಎದೆ ಧಸಕ್ಕೆನ್ನುತ್ತಿತ್ತು. ಅವ್ವ ಕೆಟ್ಟವಳಲ್ಲ. ನಸುಕಿಗೆ ಎದ್ದು ರೊಟ್ಟಿ ತಟ್ಟಿ, ಮುದ್ದೆ ತಿರುವಿ, ಎಲ್ಲರಿಗೂ ಬಡಿಸಿ, ತಾನು ತಳ ಕೆರೆದು ಉಣ್ಣುವವಳು. ನಾಲಿಗೆ ಮಾತ್ರ ಕತ್ತಿ. ಅದಕ್ಕೆ ಹೆಚ್ಚು ಸಿಕ್ಕುತ್ತಿದ್ದವಳು ಚಿಕ್ಕವ್ವ, ಚಿಕ್ಕಪ್ಪನ ಹೆಂಡತಿ ಪಾರ್ವತಿ. ಮೊಳಕಾಲ್ಮೂರಿನವಳು. ಆಂಧ್ರದ ಗಡಿಯ ಊರು, ಸಂತೋಷಕ್ಕೂ ಗಾಬರಿಗೂ ಅವಳ ಬಾಯಲ್ಲಿ ತೆಲುಗು ಬರುತ್ತಿತ್ತು. ಅವ್ವನಿಗೆ ಅದೂ ಒಂದು ತಪ್ಪು.

"ಸಾರಿಗೆ ಉಪ್ಪು ಹಾಕಿದೀಯೋ, ಚೀಲಾನೇ ಸುರುವಿದೀಯೋ?"

"ಒಂಚೂರು ಹೆಚ್ಚಾಯ್ತಕ್ಕಾ. ನೀರು ಬೆರೆಸ್ತೀನಿ."

"ಬೆರೆಸು ಬೆರೆಸು. ಮನೆತನಕ್ಕೇ ನೀರು ಬೆರೆಸಾಕ್ ಬಂದೋಳಿಗೆ ಸಾರು ಯಾವ ಲೆಕ್ಕ!"

ಹೀಗೆ ಸಾರಿನಿಂದ ಶುರುವಾದದ್ದು ಒಲೆ ಬೇರೆಯಾಗುವ ತನಕ ಬಂತು. ಚಿಕ್ಕಪ್ಪ ಮೊಳಕಾಲ್ಮೂರಿಗೆ ಹೋಗಿ ಮಾವನ ಜೊತೆ ರೇಷ್ಮೆ ಸೀರೆ ಅಂಗಡಿ ನೋಡಿಕೊಳ್ಳುವುದು ಅಂತ ತೀರ್ಮಾನವಾಯಿತು. ಪಾತ್ರೆ, ಮಂಚ, ವರ್ಷದ ಕಾಳು, ಎರಡು ಚೀಲ ಶೇಂಗಾ ಅವರ ಪಾಲಿಗೆ. ಅಷ್ಟೇ ಆಗಿದ್ದರೆ ನಾನು ಒಂದು ದಿನ ಅತ್ತು ಸುಮ್ಮನಾಗುತ್ತಿದ್ದೆನೇನೋ. ಆದರೆ ಅವತ್ತು ಊಟಕ್ಕೆ ಕೂತಾಗ ಚಿಕ್ಕಪ್ಪ ತಟ್ಟೆ ನೋಡಿಕೊಂಡೇ, "ಅಣ್ಣಾ, ಅವ್ವ ನನ್ ಜೊತೆ ಬರ್ಲಿ. ಇಷ್ಟು ದಿನ ನಿನ್ ಹತ್ರ ಇದ್ಲಲ್ಲ" ಅಂದ. ಅಪ್ಪ ಮುದ್ದೆ ಮುರಿಯುವುದನ್ನು ನಿಲ್ಲಿಸಿದ, ಆಮೇಲೆ "ಆತು" ಅಂದ. ಅಜ್ಜಿಯನ್ನು ಯಾರೂ ಕೇಳಲಿಲ್ಲ. ಅವಳು ತಟ್ಟೆಗೆ ನೀರು ಹಾಕಿ ತೊಳೆದು ಕುಡಿದು, ಎದ್ದು ಹೋದಳು. ಅಜ್ಜಿ ಇಲ್ಲದ ನಡುಮನೆಯಲ್ಲಿ ಅವ್ವನ ನಾಲಿಗೆಗೂ ನನಗೂ ನಡುವೆ ಯಾರಿರುತ್ತಾರೆ?

ಹೊರಡುವ ಮುಂಚಿನ ಭಾನುವಾರ ಚಿಕ್ಕಪ್ಪ ಬಾಡಿಗೆಗೆ ಟೀವಿ, ಸಿನಿಮಾ ಕ್ಯಾಸೆಟ್ ಹಾಕುವ ಪೆಟ್ಟಿಗೆ ತಂದ, ಮಕ್ಕಳು ಖುಷಿಯಾಗಿರಲಿ ಅಂತ. ಹಾಕಿದ ಸಿನಿಮಾದ ಹೆಸರು ನೆನಪಿಲ್ಲ, ಕಥೆ ಮಾತ್ರ ಒಂದು ಎಳೆಯೂ ಮರೆತಿಲ್ಲ. ನಮ್ಮಂಥದ್ದೇ ಮನೆ. ತಾತನನ್ನು ಮಕ್ಕಳು ಹಂಚಿಕೊಳ್ಳಲು ಹೊರಟಿದ್ದಾರೆ. ಕಳಿಸುವ ದಿನ ಬೆಳಗ್ಗೆ ಮೊಮ್ಮಗ ತಾತನ ಊರುಗೋಲು ಬಚ್ಚಿಡುತ್ತಾನೆ. ಕೋಲಿಲ್ಲದೆ ತಾತ ಹೇಗೆ ಹೊರಡಬೇಕು? ಮನೆ ಮಂದಿಯೆಲ್ಲ ಹುಡುಕುತ್ತಾರೆ. ಒಬ್ಬ ಹಿಟ್ಟಿನ ಡಬ್ಬಕ್ಕೆ ಬೀಳುತ್ತಾನೆ, ಸೊಸೆಯಂದಿರಿಬ್ಬರೂ ಮಂಚದ ಕೆಳಗೆ ತಲೆ ಡಿಕ್ಕಿ ಹೊಡೆದುಕೊಂಡು, ಮೊದಲು ಬೈದು, ಆಮೇಲೆ ಒಬ್ಬರ ಹಣೆ ಒಬ್ಬರು ನೀವಿ ನಗುತ್ತಾರೆ. ಕಡೆಗೆ ಹುಡುಗ ಅಳುತ್ತಾ ಒಪ್ಪಿಕೊಳ್ಳುತ್ತಾನೆ. ಸಿಡುಕ ಅಪ್ಪ ಕೈ ಎತ್ತುತ್ತಾನೆ, ಎತ್ತಿದ ಕೈಯಲ್ಲೇ ಹುಡುಗನನ್ನು ಬಾಚಿ ತಬ್ಬಿಕೊಳ್ಳುತ್ತಾನೆ. ತಾತ ಉಳಿಯುತ್ತಾನೆ. ನಮ್ಮ ಪಡಸಾಲೆಯೂ ನಕ್ಕಿತು. ಅವ್ವ ಸೆರಗು ಬಾಯಿಗೆ ಒತ್ತಿಕೊಂಡು ಕುಲುಕಿ ಕುಲುಕಿ ನಕ್ಕಳು, ನಗುತ್ತಾ ಚಿಕ್ಕವ್ವನ ತೊಡೆಗೆ ಒಂದು ಏಟು ಕೊಟ್ಟಳು. ಅವರಿಬ್ಬರ ಮೈ ತಾಕಿದ್ದನ್ನು ನಾನು ಎಷ್ಟೋ ತಿಂಗಳಾದ ಮೇಲೆ ನೋಡಿದ್ದು. ನನಗೆ ನಗು ಬರಲಿಲ್ಲ, ಹಸಿವಾದಂತಾಯಿತು. ತಪ್ಪು ಮಾಡಿದವರನ್ನು ಮೂಲೆಗೆ ನಿಲ್ಲಿಸದ ಮನೆ, ಬಿದ್ದವರನ್ನು ಎತ್ತಿ ಮೈ ಕೊಡವಿ ನಗುವ ಮನೆ. ಹಾಗೂ ಇರಬಹುದು ಅಂತ ಅಲ್ಲಿಯವರೆಗೆ ಗೊತ್ತೇ ಇರಲಿಲ್ಲ. ಅಂಥ ಮನೆ ಆಗಲಿಕ್ಕೆ ನಮಗೂ ಕೊರತೆಯಿದ್ದದ್ದು ಬಚ್ಚಿಡುವ ಒಂದು ಹುಡುಗು ಅಷ್ಟೇ ಅಂತ ಅಂದುಕೊಂಡೆ. ಎಂಟು ವರ್ಷದ ಬುದ್ಧಿ. ಏನು ಮಾಡಲಿ!

ಅಜ್ಜಿಗೆ ಊರುಗೋಲು ಇರಲಿಲ್ಲ. ನೆಟ್ಟಗೆ ನಡೆಯುತ್ತಿದ್ದಳು.

ಹೊರಡುವ ದಿನ ಬೆಳಗ್ಗೆ ಸಾಮಾನು ಹೇರಲು ಟೆಂಪೋ ಬಂದಿತ್ತು. ಸಾಮಾನು ಮೊದಲು ಹೋಗುವುದು, ಜನ ಹನ್ನೊಂದರ ಬಸ್ಸಿಗೆ ಹೊರಡುವುದು ಅಂತ ಏರ್ಪಾಟು. ಅಜ್ಜಿ ಲಿಂಗವನ್ನು ಗೂಡಿನಲ್ಲಿಟ್ಟು ಬಚ್ಚಲಿಗೆ ಹೋದಳು. ನಾನು ಎದ್ದೆ. ಕರಡಿಗೆಯನ್ನು ದಾರದ ಸಮೇತ ಲಂಗದಲ್ಲಿ ಸುತ್ತಿಕೊಂಡು ಕಾಯಿಕೋಣೆಗೆ ಓಡಿ, ಬಾಯಿ ಬಿಚ್ಚಿದ್ದ ಒಂದು ಚೀಲದೊಳಗೆ ಮೊಣಕೈ ತನಕ ತೂರಿಸಿ ಬಚ್ಚಿಟ್ಟೆ. ವಾಪಸು ಬಂದು ಗೂಡಿನ ಎದುರಿಗೇ ಕೂತೆ, ಯಾರಾದರೂ ಹಿಟ್ಟಿನ ಡಬ್ಬಕ್ಕೆ ಬೀಳುವುದನ್ನು ಕಾಯುತ್ತಾ.

ಅಜ್ಜಿ ಒದ್ದೆ ಸೀರೆಯಲ್ಲಿ ಬಂದಳು, ಗೂಡಿಗೆ ಕೈ ಹಾಕಿದಳು. ಬರಿಗೈ ತೆಗೆದಳು. ಮತ್ತೆ ಹಾಕಿದಳು. ನನ್ನ ಕಡೆ ತಿರುಗಿ, "ಎಲ್ಲೇ?" ಅಂದಳು. ನಾನು ಹೇಳುವುದಕ್ಕೆ ಬಾಯಿ ತೆರೆದೆ, ದೇವರಾಣೆ ತೆರೆದೆ. ಅಷ್ಟರಲ್ಲಿ ಅವಳು ನಿಂತಲ್ಲೇ ಕುಸಿದು ಕೂತಳು. ಅವ್ವ ಕೂಗಿಕೊಂಡು ಬಂದಳು, ಅಪ್ಪ, ಚಿಕ್ಕಪ್ಪ ಓಡಿ ಬಂದರು. ಯಾರೂ ನಗಲಿಲ್ಲ. ಯಾರ ತಲೆಗೂ ಯಾರ ತಲೆಯೂ ಡಿಕ್ಕಿ ಹೊಡೆಯಲಿಲ್ಲ. "ಲಿಂಗ ಹೋದ ಮೇಲೆ ಜೀವ ಯಾಕಿರಬೇಕು" ಅಂತ ಅಜ್ಜಿ ಮೆಲ್ಲಗೆ, ಯಾರಿಗೋ ಲೆಕ್ಕ ಒಪ್ಪಿಸುವವಳ ಹಾಗೆ ಹೇಳಿದಳು. ನಾನು ಹಿಂದೆ ಹಿಂದೆ ಸರಿದು ಕಾಯಿಕೋಣೆಗೆ ಬಂದರೆ, ಆ ಚೀಲವೇ ಇಲ್ಲ. ಬೀದಿಗೆ ಓಡಿದೆ, ಟೆಂಪೋ ಇಲ್ಲ. ನಾನು ಕೈ ತೂರಿಸಿದ್ದು ಚಿಕ್ಕಪ್ಪನ ಪಾಲಿನ ಚೀಲಕ್ಕೆ. ಹಮಾಲರು ಬಾಯಿ ಹೊಲಿದು ಹೇರಿಬಿಟ್ಟಿದ್ದರು. ಅಜ್ಜಿ ಹೋಗಬಾರದು ಅಂತ ನಾನು ಬಚ್ಚಿಟ್ಟದ್ದು ಅಜ್ಜಿಗಿಂತ ಮುಂಚೆ ಮೊಳಕಾಲ್ಮೂರಿಗೆ ಹೊರಟಿತ್ತು.

ಅವತ್ತಿನ ದಿನ ಹೇಗೆ ಕಳೆಯಿತು ಅಂತ ಈಗಲೂ ಹೇಳಲಾರೆ. ಬೇಸಿಗೆ, ಚಳ್ಳಕೆರೆಯ ಬಿಸಿಲು, ಹೆಂಚು ಕಾದು ಒಳಗೆ ಬೆಂಕಿ. ಅಜ್ಜಿ ನೀರು ಮುಟ್ಟಲಿಲ್ಲ. ಅವಳು ಮುಟ್ಟಲಿಲ್ಲವೆಂದು ದೊಡ್ಡವರು ಯಾರೂ ಉಣ್ಣಲಿಲ್ಲ. ಒಲೆಗೆ ಬೆಂಕಿ ಬಿದ್ದದ್ದು ನನಗೂ ನನ್ನ ತಮ್ಮನಿಗೂ ಮಾತ್ರ. ಅಪ್ಪ ಅವಳ ಮುಂದೆ ಕುಕ್ಕರುಗಾಲಲ್ಲಿ ಕೂತು ಬೇಡಿಕೊಂಡ.

"ಅವ್ವಾ, ಸ್ವಾಮಿಗಳನ್ನ ಕರಿಸ್ತೀನಿ. ಬೇರೆ ಲಿಂಗ ಕಟ್ಟಿಸ್ಕಂಡ್ರಾತು. ಒಂದು ಗುಟುಕು ನೀರು ಕುಡಿ."

"ತಾಳಿ ಕಳದ್ರೆ ಬೇರೆ ತಾಳಿ ತರಬೌದು ಕಣಪ್ಪ. ಇದು ಹಂಗಲ್ಲ."

ಅವಳ ತುಟಿ ಒಣಗಿ ಬಿಳಿ ಪೊರೆ ಕಟ್ಟಿತ್ತು. ನಾನು ಆ ತುಟಿಯನ್ನೇ ನೋಡುತ್ತಿದ್ದೆ. ಹೇಳಿದರೆ ಅವ್ವ ಸಾಯಿಸುತ್ತಾಳೆ, ಹೇಳದಿದ್ದರೆ ಅಜ್ಜಿ ಸಾಯುತ್ತಾಳೆ. ಹೇಳಬೇಕು ಅಂತ ಅವ್ವನ ಹತ್ತಿರ ಹೋದೆ. ಅವಳು, "ಕಾಯಾಕೆ ಕೂರಿಸಿದ್ರೆ ಎಲ್ಲಿಗೆ ಹೋಗಿ ಸತ್ತಿದ್ದೆ? ನಿನ್ನ ಕಣ್ಣು ಸೇದಿಹೋಗ!" ಅಂದಳು. ನನ್ನ ಮಾತು ಅಲ್ಲೇ ಇಂಗಿತು.

ಸಂಜೆ ಬಚ್ಚಲ ಹಿಂದೆ ಬಟ್ಟೆ ಒಗೆಯುವ ಕಲ್ಲಿನ ಹತ್ತಿರ ನಾನು ವಾಂತಿ ಮಾಡುತ್ತಿದ್ದಾಗ ಚಿಕ್ಕವ್ವ ಬಂದು ಹಣೆ ಹಿಡಿದುಕೊಂಡಳು. ಹೊಟ್ಟೆಯಲ್ಲಿ ಏನೂ ಇರಲಿಲ್ಲ, ಬರೀ ನೀರು ಬಂತು. ತಮ್ಮ ಉಂಡಿದ್ದ, ನಾನು ನನ್ನ ಅನ್ನವನ್ನು ಹಿತ್ತಲ ಎಮ್ಮೆಯ ಕಲಗಚ್ಚಿನ ಬಾನಿಗೆ ಸುರಿದಿದ್ದೆ.

"ಏನೇ ಅಮ್ಮಾಯೀ, ಏನಾತು? ನನ್ ಮುಖ ನೋಡಿ ಹೇಳು."

ಹೇಳಿದೆ. ಸಿನಿಮಾ, ಊರುಗೋಲು, ಚೀಲ, ಎಲ್ಲ. ಚಿಕ್ಕವ್ವ ಒಗೆಯುವ ಕಲ್ಲಿನ ಮೇಲೆ ಧೊಪ್ಪನೆ ಕೂತುಬಿಟ್ಟಳು. ಒಂದು ಕ್ಷಣ ಅವಳ ಕೈ ಮೇಲೆದ್ದದ್ದನ್ನು ಕಂಡೆ, ಕಣ್ಣು ಮುಚ್ಚಿಕೊಂಡೆ. ಏಟು ಬೀಳಲಿಲ್ಲ. ಅವಳು ತನ್ನ ಹಣೆಯನ್ನೇ ಚಚ್ಚಿಕೊಂಡಿದ್ದಳು.

"ಬಾಯಿ ಬಿಚ್ಚಿದ್ದ ಚೀಲ ಅಂದ್ಯಾ? ಕಡೇ ಬಸ್ಸು ಹೋಯ್ತಲ್ಲೇ. ಬೆಳಿಗ್ಗೆ ಮೊದಲ ಬಸ್ಸಿಗೆ ಹೋಗಾನ. ಅಲ್ಲೀತನಕ ತುಟಿ ಪಿಟಕ್ ಅನಬ್ಯಾಡ."

ಒಳಗೆ ಹೋಗಿ ಚಿಕ್ಕಪ್ಪನಿಗೆ, "ಸಾಮಾನಿನಾಗೆ ಸೇರ್ಕಂಡೈತೇನೋ, ನೋಡ್ಕಂಡು ಬರ್ತೀನ್ರಿ. ಗಿರಿಜನ್ನ ಜೊತೆಗೆ ಕರ್ಕಂತೀನಿ" ಅಂದಳು. ಅವ್ವ ಹುಬ್ಬು ಗಂಟಿಕ್ಕಿ ನೋಡಿದಳು, ಬೇಡವೆನ್ನಲಿಲ್ಲ. ಬೆಳಿಗ್ಗೆ ಇಬ್ಬರೂ ಮೊದಲ ಬಸ್ಸು ಹತ್ತಿದೆವು. ಕಾವಲಿನ ಹುಲ್ಲು ಒಣಗಿ ದಾರಿಯುದ್ದಕ್ಕೂ ಬಿಳಿಚಿಕೊಂಡಿತ್ತು. ನಾನು ಪ್ರತಿ ನಿಲ್ದಾಣದಲ್ಲೂ, ಇಷ್ಟೊತ್ತಿಗೆ ಅಜ್ಜಿ ಹೋಗಿಬಿಟ್ಟಿದ್ದರೆ ಅಂತ ಕೇಳಬೇಕೆಂದು ಬಾಯಿ ತೆರೆಯುವುದು, ಮುಚ್ಚುವುದು. ಮೊಳಕಾಲ್ಮೂರಿನಲ್ಲಿ ಚಿಕ್ಕವ್ವನ ತವರಿನ ಬೀದಿ ತುಂಬ ಮಗ್ಗದ ಸದ್ದು. ಅವಳ ತಾಯಿ ಬಾಗಿಲಲ್ಲೇ ಗಾಬರಿಯಾಗಿ "ಏಮಯಿಂದೇ?" ಅಂದರು. "ಏಮೀ ಲೇದಮ್ಮಾ", ಏನೂ ಇಲ್ಲ, ಅಂದು ಚಿಕ್ಕವ್ವ ನೇರ ಸಾಮಾನು ಇಳಿಸಿದ್ದ ಅಂಗಳಕ್ಕೆ ಹೋದಳು. ಎರಡು ಚೀಲ, ಎರಡರ ಬಾಯೂ ಹೊಲಿದಿದೆ, ಯಾವುದು ಅಂತ ನನಗೂ ತಿಳಿಯಲೊಲ್ಲದು. ಹುರಿ ಕಿತ್ತು ಮೊದಲನೆಯದನ್ನು ಸುರಿದಳು. ಇಲ್ಲ. ನಾನೂ ಕೂತು ರಾಶಿ ಕೆದಕಿದೆ. ಎರಡನೆಯದು ಅರ್ಧ ಬರಿದಾದಾಗ ಶೇಂಗಾ ರಾಶಿಯ ಮೇಲೆ ಕರಡಿಗೆ ಉರುಳಿಕೊಂಡು ಬಂತು. ಅದರ ಮುಚ್ಚಳ ಸಡಿಲಾಗಿತ್ತು, ಒಳಗಿನದು ಒಳಗೇ ಇತ್ತು. ಚಿಕ್ಕವ್ವ ಕೈ ತೊಳೆದು, ನನ್ನ ಕೈಯನ್ನೂ ತೊಳೆಸಿ, ತನ್ನಪ್ಪನ ಅಂಗಡಿಯ ಹೊಸ ರೇಷ್ಮೆ ತುಂಡಿನಲ್ಲಿ ಅದನ್ನು ಸುತ್ತಿದಳು. ಆಮೇಲೆ ಶೇಂಗಾ ರಾಶಿಯ ಮೇಲೆ ಕೂತು ಬಿಕ್ಕಿ ಬಿಕ್ಕಿ ಅತ್ತಳು.

ವಾಪಸು ಬಂದಾಗ ಮಧ್ಯಾಹ್ನ. ಅಜ್ಜಿ ಗೋಡೆಗೆ ಒರಗಿದ್ದಳು, ಕಣ್ಣು ಅರ್ಧ ಮುಚ್ಚಿತ್ತು. ಚಿಕ್ಕವ್ವ ಅವಳ ಮುಂದೆ ಮಂಡಿಯೂರಿ ಗಂಟು ಇಟ್ಟಳು. ಎಲ್ಲರೂ ನೋಡುತ್ತಿದ್ದಾರೆ. ಎಲ್ಲಿತ್ತು ಅಂತ ಅಪ್ಪ ಕೇಳಿದ.

"ನನ್ ಟ್ರಂಕಿನಾಗಿತ್ತು ಭಾವಾ. ನಾನೇ... ಬಟ್ಟೆ ಜೊತೆ ಇಟ್ಟುಬಿಟ್ಟಿದ್ದೆ."

ದಾರಿಯಲ್ಲಿ ಅವಳು ಈ ಮಾತನ್ನು ನನಗೆ ಹೇಳಿರಲಿಲ್ಲ. ನಾನು ಅವಳ ಬೆನ್ನ ಹಿಂದೆ ಕಂಬದ ಹಾಗೆ ನಿಂತಿದ್ದೆ. ಅವ್ವನೇ ಮೊದಲು ಬಾಯಿ ತೆರೆದದ್ದು.

"ಇಟ್ಟುಬಿಟ್ಟಿದ್ಯಾ? ದೇವರ ಗೂಡಿಂದ ತಾನಾಗೇ ನಡಕೊಂಡು ನಿನ್ ಟ್ರಂಕಿಗೆ ಬಂತಾ? ಅತ್ತೆ ಎಲ್ಲಿ ಮನಸ್ಸು ಬದಲಾಯಿಸ್ತಾಳೋ ಅಂತ ಲಿಂಗಾನೇ ಮುಂದಾಗಿ ಸಾಗಿಸಿದೀಯ! ಬಸವಣ್ಣ ಮೆಚ್ಚಾನೇನೇ?"

ಚಿಕ್ಕವ್ವ ತಲೆ ತಗ್ಗಿಸಿದಳು. ಚಿಕ್ಕಪ್ಪ "ನಿಜಾನಾ?" ಅಂದ. ಅವಳು ಹೂಂ ಅಂದಳು. ಅವನ ಮುಖ ನೋಡಲಾಗಲಿಲ್ಲ ನನಗೆ. ಅಜ್ಜಿ ರೇಷ್ಮೆ ತುಂಡು ಬಿಚ್ಚಿ, ಕರಡಿಗೆಯ ಮುಚ್ಚಳ ತೆಗೆದಳು. ಒಳಗಿನ ಬಟ್ಟೆಯ ಮಡಿಕೆಯಲ್ಲಿ ಶೇಂಗಾ ಸಿಪ್ಪೆಯ ಚೂರು ಅಂಟಿತ್ತು. ಅದನ್ನು ಉಗುರಿನಲ್ಲಿ ಎತ್ತಿ ನೋಡಿದಳು. ಆಮೇಲೆ ನನ್ನನ್ನು ನೋಡಿದಳು, ಚಿಕ್ಕವ್ವನನ್ನು ನೋಡಿದಳು. ಸಿಪ್ಪೆಯನ್ನು ಸೆರಗಿಗೆ ಒರೆಸಿಕೊಂಡಳು. ಪೂಜೆಯಾಯಿತು, ನೀರು ಕುಡಿದಳು. ಕುಡಿದು, "ನಾನು ಎಲ್ಲಿಗೂ ಬರಾಕಿಲ್ಲ. ಇಲ್ಲೇ ಇರ್ತೀನಿ" ಅಂದಳು. ಅವಳಿಗೆ ತಿಳಿದಿತ್ತು ಅಂತ ನನಗೆ ಅವತ್ತೇ ಅನ್ನಿಸಿತ್ತು. ಈಗ ಖಾತ್ರಿಯಿದೆ. ಅವಳಿಗೂ ಆ ಮನೆ ಬಿಡುವುದು ಬೇಕಿರಲಿಲ್ಲ. ಚಿಕ್ಕ ಮಗನಿಗೆ ಇಲ್ಲವೆನ್ನಲು ಒಂದು ನೆಪ ಬೇಕಿತ್ತು, ಸೊಸೆ ತಂದು ಮಡಿಲಿಗೆ ಹಾಕಿದಳು. ಅಜ್ಜಿಯ ಮೇಲೆ ನನಗೆಷ್ಟು ಪ್ರೀತಿಯೋ, ಈ ಒಂದು ಮೌನಕ್ಕಾಗಿ ಅಷ್ಟೇ ಸಿಟ್ಟೂ ಇದೆ. ಬೈಯುವ ಯೋಗ್ಯತೆ ನನಗಿಲ್ಲ ಅನ್ನುವುದು ಬೇರೆ ಮಾತು. ಸಿನಿಮಾದ ಹುಡುಗನಿಗೆ ಸಿಕ್ಕಿದ್ದೇ ನನಗೂ ಸಿಕ್ಕಿತು, ಅಜ್ಜಿ ಉಳಿದಳು. ಚಿಕ್ಕಪ್ಪ ಚಿಕ್ಕವ್ವ ಅದೇ ಸಂಜೆ ಹೊರಟರು. ಬಾಗಿಲ ತನಕ ಯಾರೂ ಹೋಗಲಿಲ್ಲ.

ಆಮೇಲೆ ನಮ್ಮ ಬಳಗದಲ್ಲಿ ಅವಳಿಗೆ ಲಿಂಗ ಕದ್ದವಳು ಅಂತಲೇ ಹೆಸರಾಯಿತು. ಮದುವೆ ಮುಂಜಿಗೆ ಬಂದರೆ ಒಂದು ಕಣ್ಣು ಅವಳ ಮೇಲೆ. ನನ್ನ ಮದುವೆಯಲ್ಲಿ ಅವ್ವ ಅವಳನ್ನು ಒಡವೆಯ ಪೆಟ್ಟಿಗೆ ಇಟ್ಟಿದ್ದ ಕೋಣೆಗೆ ಬಿಡಲಿಲ್ಲ. ಹಸೆಮಣೆಯ ಮೇಲೆ ಕೂತ ನನಗೆ ಅದು ಕಂಡಿತು. ಒಂದು ಮಾತು ಆಡಿದ್ದರೆ ಆಗುತ್ತಿತ್ತು. ಆಡಲಿಲ್ಲ. ಇವತ್ತು ಹೇಳಬೇಕು, ನಾಳೆ ಹೇಳಬೇಕು ಅನ್ನುತ್ತಾ ಅಜ್ಜಿ ಹೋದಳು, ಅಪ್ಪ ಹೋದ, ಚಿಕ್ಕಪ್ಪನೂ ಹೋದ. ಹೆಂಡತಿಯನ್ನು ಪೂರಾ ನಂಬದೆಯೇ ಹೋದನೇನೋ. ಎದುರಿನವರ ಹುಬ್ಬು ಅಲ್ಲಾಡಿದರೆ ನನ್ನ ತಪ್ಪೇನು ಅಂತ ಹುಡುಕುವ ಸ್ವಭಾವ ನನಗೆ ಬಂದದ್ದು ಆ ಎರಡು ದಿನಗಳಲ್ಲಿ. ಶಾಲೆಯಲ್ಲಿ ಯಾವ ಹುಡುಗ ಏನು ಒಡೆದರೂ ನಾನು ಹೊಡೆಯುತ್ತಿರಲಿಲ್ಲ. ಬಲು ಒಳ್ಳೇ ಮೇಡಮ್ಮು ಅನ್ನುತ್ತಿದ್ದರು. ಒಳ್ಳೇತನವಲ್ಲ ಅದು, ಭಯ.

ಮೊನ್ನೆ ಮೊಳಕಾಲ್ಮೂರಿಗೆ ಹೋಗಿದ್ದೆ. ಚಿಕ್ಕವ್ವ ಮಗ ಸೊಸೆಯ ಜೊತೆ ಇದ್ದಾಳೆ, ಮೊಮ್ಮಕ್ಕಳು ಮೈ ಮೇಲೆ ಬೀಳುತ್ತಿರುತ್ತವೆ. ಮಧ್ಯಾಹ್ನ ಟೀವಿಯಲ್ಲಿ ಅಂಥದ್ದೇ ಒಂದು ಸಿನಿಮಾ. ಅದೇ ತುಂಬಿದ ಮನೆ, ಅದೇ ತಪ್ಪು ಒಪ್ಪು. ಕಡೆಗೆ ಎಲ್ಲರೂ ಎಲ್ಲರನ್ನೂ ಕ್ಷಮಿಸಿದರು. ಒಬ್ಬರಿಗೂ ಒಂದು ಗೀರೂ ಆಗಲಿಲ್ಲ. ಚಿಕ್ಕವ್ವ ಬೊಚ್ಚು ಬಾಯಿ ಬಿಟ್ಟುಕೊಂಡು, ಕಣ್ಣಲ್ಲಿ ನೀರು ಬರುವ ಹಾಗೆ ನಗುತ್ತಿದ್ದಳು. "ಎಷ್ಟು ಚೆಂದ ಮಾಡವ್ರೆ ನೋಡೇ" ಅಂದಳು. ನನಗೆ ತಡೆಯಲಾಗಲಿಲ್ಲ.

"ಚಿಕ್ಕವ್ವಾ, ಅವತ್ತು ಟ್ರಂಕಿನಾಗಿತ್ತು ಅಂತ ಯಾಕಂದೆ?"

"ಯಾವತ್ತು? ಓ, ಅದಾ. ಸುಮ್ನೆ ಟೀವಿ ನೋಡೇ."

ನಾನು ಫೋನ್ ತೆಗೆದೆ. ಅವ್ವ ಚಳ್ಳಕೆರೆಯಲ್ಲಿ ನನ್ನ ತಮ್ಮನ ಮನೆಯಲ್ಲಿದ್ದಾಳೆ. ಎಂಬತ್ತು ದಾಟಿದೆ, ಕಿವಿ ಮಂದ, ನಾಲಿಗೆ ಹಾಗೇ ಇದೆ. ಗಟ್ಟಿಯಾಗಿ ಹೇಳಬೇಕಾಯಿತು. ಚಿಕ್ಕವ್ವನ ಸೊಸೆ, ಮೊಮ್ಮಕ್ಕಳು ಎಲ್ಲರಿಗೂ ಕೇಳುವ ಹಾಗೆ ಕೂಗಿ ಹೇಳಿದೆ: ಕದ್ದವಳು ನಾನು, ಚೀಲಕ್ಕೆ ತೂರಿಸಿದವಳು ನಾನು, ಇವಳು ಹುಡುಕಿ ತಂದವಳು. ಹೇಳುತ್ತಾ ನನ್ನ ದನಿ ಎಂಟು ವರ್ಷದವಳದ್ದಾಗಿತ್ತು. ಅವ್ವ ಒಂದೇ ಮಾತು ಅಂದಳು.

"ಅವಳ ಕೈಗೆ ಫೋನ್ ಕೊಡು."

ಚಿಕ್ಕವ್ವ ಬೇಡ ಬೇಡ ಅಂತ ಕೈ ಆಡಿಸಿದಳು. ನಾನು ಅವಳ ಕೈಗೆ ತುರುಕಿದೆ. ಕೂತೇ ಮಾತಾಡಬಹುದಿತ್ತು, ಮಂಡಿ ನೋವಿನವಳು. ಗೋಡೆ ಹಿಡಿದು ಎದ್ದು ನಿಂತಳು, ತಲೆ ಮೇಲೆ ಸೆರಗು ಎಳೆದುಕೊಂಡಳು, "ಅಕ್ಕಾ" ಅಂದಳು. ಅವ್ವನ ದನಿ ಫೋನಿನಾಚೆಯಿಂದ ಇಡೀ ಪಡಸಾಲೆಗೆ ಕೇಳಿಸಿತು. ಬೈಗುಳವೇ, ಆದರೆ ಒಡೆದುಹೋಗಿತ್ತು.

"ಇಷ್ಟು ವರ್ಷ ಬಾಯಿಗೆ ಏನು ತುರುಕ್ಕಂಡಿದ್ದೆ ಪಾರ್ವತೀ? ಎಷ್ಟು ಮಾತಂದೆ ನಾನು ನಿನಗೆ! ಒಂದು ಸಲನಾದ್ರೂ ಹೇಳಬಾರದಾಗಿತ್ತಾ?"

ಚಿಕ್ಕವ್ವ ನನ್ನ ಕಡೆ ನೋಡಿದಳು. ತಲೆ ನರೆತು, ಕನ್ನಡಕ ಹಾಕಿಕೊಂಡು, ಅವಳ ಮುಂದೆ ಅಳುತ್ತಾ ಕೂತಿದ್ದ ನನ್ನನ್ನು.

"ಹೆಂಗ್ ಹೇಳ್ಲಿ ಅಕ್ಕಾ," ಅಂದಳು, "ಕೂಸಲ್ವೇನು ಅದು?"